ಉಪ್ಪು ನೋಡದ ಕೈ

ಮಾರ್ಟಳ್ಳಿ
೧೯ ಜನವರಿ ೨೦೨೫, ಭಾನುವಾರ

ಪ್ರೀತಿಯ ಅವ್ವನಿಗೆ, ನಿನ್ನ ಮಗಳು ದೀಪಶ್ರೀ ಮಾಡುವ ಶರಣು.

ಕಾಗದ ಅಂದಮೇಲೆ ‘ಇಲ್ಲಿ ಎಲ್ಲರೂ ಕ್ಷೇಮ’ ಅಂತ ಶುರು ಮಾಡಬೇಕು. ಹಾಗೇ ಬರೆಯೋಣವೆಂದು ಪೆನ್ನು ತೆಗೆದೆ, ಕೈ ಓಡಲಿಲ್ಲ. ನಮ್ಮತ್ತೆಗೆ ಕ್ಷೇಮವಿಲ್ಲ. ನನ್ನ ಮನಸ್ಸಿಗೂ ಇಲ್ಲ. ನೀವೆಲ್ಲ ಚೆನ್ನಾಗಿದ್ದೀರಿ ಅಂತ ಮೊನ್ನೆ ಉದಯಣ್ಣ ಹೇಳಿದ, ಅಷ್ಟೇ ಸಮಾಧಾನ.

ಫೋನಿರುವಾಗ ಇವಳಿಗೆ ಕಾಗದ ಯಾಕೆ ಅಂದುಕೊಳ್ಳುತ್ತೀಯ. ನಮ್ಮ ಮನೆಯ ಫೋನಿನ ಕಥೆ ನಿನಗೆ ಗೊತ್ತಿಲ್ಲದ್ದೇ? ಅಪ್ಪನಿಗೆ ಕಿವಿ ಮಂದವಾದಾಗಿನಿಂದ ಅದು ಸ್ಪೀಕರಿನಲ್ಲೇ ಇರುತ್ತದೆ. ನಾನು ಇಲ್ಲಿ ಕೆಮ್ಮಿದರೆ ಅಗರದ ಬೀದಿಗೆಲ್ಲ ನನ್ನ ನೆಗಡಿಯ ಸುದ್ದಿ ಮುಟ್ಟುತ್ತದೆ. ಈಗ ಹೇಳಬೇಕಾದದ್ದು ನಿನ್ನೊಬ್ಬಳಿಗೆ. ನಾಳೆ ನಿಮ್ಮ ಬೀದಿಯ ಕೆಂಪಾಜಮ್ಮ ಕಣ್ಣು ತೋರಿಸಲು ಕೊಳ್ಳೇಗಾಲಕ್ಕೆ ಬರುತ್ತಾಳಂತೆ, ನಾನೂ ಅತ್ತೆಯ ಮಾತ್ರೆಗೆ ಅಲ್ಲಿಗೇ ಹೋಗುತ್ತಿದ್ದೇನೆ. ಅವಳ ಕೈಗೆ ಕೊಟ್ಟು ಕಳಿಸುತ್ತೇನೆ. ಅವಳಿಗೆ ಓದು ಬಾರದ್ದು ನಮ್ಮ ಪುಣ್ಯ. ಅಪ್ಪ ಗದ್ದೆ ಕಡೆ ಹೋದಮೇಲೆ ಅಡಿಗೆಮನೆ ಬಾಗಿಲು ಮುಂದೆ ಮಾಡಿಕೊಂಡು ಓದು. ಓದಿದ ಮೇಲೆ ಒಲೆಗೆ ಹಾಕಿದರೂ ಸರಿ.

ವಿಷಯಕ್ಕೆ ಬರುತ್ತೇನೆ. ಮುಂದಿನ ತಿಂಗಳು ಉದಯಣ್ಣನ ಮಗಳಿಗೆ ಲಿಂಗದೀಕ್ಷೆ ಇಟ್ಟುಕೊಂಡಿದ್ದೀರಿ. ಸೋದರತ್ತೆಯಾಗಿ ಕೂಸನ್ನು ಹಸೆಯ ಮೇಲೆ ಕೂರಿಸಿ ಆರತಿ ಎತ್ತಬೇಕಾದವಳು ನಾನು. ಅಪ್ಪನೇ ಫೋನು ಮಾಡಿ, ‘ಬ್ಯಾರೆ ಯಾರ್ ಕೈಲೂ ಎತ್ತಿಸಾಕಿಲ್ಲ, ನೀನೇ ಬರ್ಬೇಕು ಕಣವ್ವ’ ಅಂದರು. ನನ್ನ ಮದುವೆಯಾದ ಮೇಲೆ ಅವರು ಅಷ್ಟು ಮೆತ್ತಗೆ ಮಾತಾಡಿದ್ದು ಅದೇ ಮೊದಲು. ಬರ್ತೀನಿ ಅಂದುಬಿಟ್ಟೆ. ಆದರೆ ನಾನು ಬರಬಹುದೋ ಬಾರದೋ ಅನ್ನುವುದನ್ನು ಈ ಕಾಗದ ಓದಿ ನೀನು ಹೇಳಬೇಕು.

ಹಳೆಯದನ್ನು ಯಾಕೆ ಕೆದಕುತ್ತಾಳೆ ಅನ್ನಬೇಡ, ಅದಿಲ್ಲದೆ ಮುಂದಿನದು ಹೇಳಲಾಗದು. ಹನೂರಿನಲ್ಲಿ ಅತಿಥಿ ಶಿಕ್ಷಕಿಯಾಗಿದ್ದ ನಾನು ಕಿರಿಸ್ತಾನರ ಹುಡುಗನನ್ನು, ಅದೂ ಕಂಬ ಹತ್ತುವ ಲೈನ್‌ಮನ್ನನ್ನು ಮದುವೆಯಾದೆ ಅಂತ ನೀವು ಎರಡು ವರ್ಷ ನನ್ನ ಹೆಸರೆತ್ತಲಿಲ್ಲ. ಆಮೇಲೊಂದು ದಿನ ಅಪ್ಪ ಕರೆಸಿದರು. ಜಗಲಿಯ ಮೇಲೆ ಕೂರಿಸಿ, ಮುಖ ಅತ್ತ ಮಾಡಿಕೊಂಡು, ‘ಕೊಳ್ಳಲ್ಲಿ ಲಿಂಗ ಇರ್ಲಿ, ಬಾಯಿ ಕೆಡದಂಗಿರ್ಲಿ. ಅಷ್ಟಿದ್ರೆ ಈ ಮನೆ ಬಾಗ್ಲು ನಿಂಗೆ ತೆಗ್ದೇ ಇರ್ತದೆ’ ಅಂದರು. ನಾನು ಕೊಳ್ಳಿನ ಲಿಂಗದ ಕರಡಿಗೆ ಹಿಡಿದು ಆಗಲಿ ಅಂದೆ. ನೀನು ಒಳಗೆ ಹೋಗಿ ಅಟ್ಟದಿಂದ ನನ್ನ ತಟ್ಟೆ ಇಳಿಸಿದೆ. ಅಂಚಿನಲ್ಲಿ ನನ್ನ ಹೆಸರು ಕೊರೆಸಿದ ಸ್ಟೀಲಿನ ತಟ್ಟೆ. ಹುಣಸೆಹಣ್ಣು ಹಾಕಿ ಉಜ್ಜಿ, ಅದರಲ್ಲಿ ಬಡಿಸಿದೆ. ಅವತ್ತು ನಾನು ಎರಡು ಸಲ ಅನ್ನ ಹಾಕಿಸಿಕೊಂಡದ್ದು ಹಸಿವಿಗಲ್ಲ, ತಟ್ಟೆ ಬಿಟ್ಟು ಏಳಲು ಮನಸ್ಸಾಗದೆ.

ಇವರು ಇವತ್ತಿಗೂ ಆ ಜಗಲಿ ದಾಟಿಲ್ಲ. ‘ನಿಮ್ಮನೆ ಜಗ್ಲೀಲಿ ಗಾಳಿ ಬೋ ಚೆನ್ನಾಗ್ ಬತ್ತದೆ’ ಅಂತ ನನ್ನ ಮುಂದೆ ತಮಾಷೆ ಮಾಡುತ್ತಾರೆ. ಅದು ತಮಾಷೆಯಲ್ಲ ಅಂತ ನನಗೂ ಗೊತ್ತು, ಅವರಿಗೂ ಗೊತ್ತು. ಅಪ್ಪ ಮಾತ್ರ ಊರಲ್ಲೆಲ್ಲ, ‘ನನ್ ಮಗಳು ಓಗಿರೋ ಮನೇಲೂ ಆಚಾರ ಬಿಟ್ಟಿಲ್ಲ, ಅವ್ಳಿಗೇಂತ ಒಲೇನೇ ಬ್ಯಾರೆ’ ಅಂತ ಹೇಳಿಕೊಂಡು ಓಡಾಡುತ್ತಾರೆ.

ಅಪ್ಪನಿಗೆ ಗೊತ್ತಿಲ್ಲದ್ದು ಒಂದಿದೆ ಅವ್ವ. ನಾನು ಆ ಮಾತು ಉಳಿಸಿಕೊಂಡದ್ದು ನನ್ನ ಗಟ್ಟಿತನದಿಂದಲ್ಲ, ನಮ್ಮತ್ತೆ ಸವರಿಯಮ್ಮನಿಂದ.

ಈ ಮನೆಗೆ ನಾನು ಕಾಲಿಡುವ ಹಿಂದಿನ ವಾರ ಅವರು ಅಡಿಗೆಮನೆಗೆ ತಾವೇ ಸುಣ್ಣ ಬಳಿದಿದ್ದರಂತೆ. ಸಾರಿನ ಮಡಕೆಗಳನ್ನು ಒಡೆದು, ಮಾಂಸ ಬೇಯಿಸುವ ಪಾತ್ರೆಗಳನ್ನೆಲ್ಲ ಪಕ್ಕದ ಬೀದಿಯ ತಂಗಿ ಜ್ಞಾನಮ್ಮನ ಮನೆಗೆ ಸಾಗಿಸಿದ್ದರಂತೆ. ಅವರನ್ನು ಹೀಗೆ ಮಾಡಿ ಅಂತ ಯಾರೂ ಕೇಳಿರಲಿಲ್ಲ. ಆವತ್ತಿನಿಂದ ಈ ಸೂರಿನಡಿ ಒಂದು ಮೊಟ್ಟೆಯೂ ಬೆಂದಿಲ್ಲ. ತಾಯಿ ಮಗ ಇಬ್ಬರೂ ತಿನ್ನಬೇಕು ಅನ್ನಿಸಿದಾಗ ಜ್ಞಾನಮ್ಮನ ಮನೆಗೆ ಹೋಗಿ ತಿಂದು ಬರುತ್ತಾರೆ. ಬರುವಾಗ ಅತ್ತೆ ಬೀದಿ ನಲ್ಲಿಯಲ್ಲಿ ಬಾಯಿ ಮುಕ್ಕಳಿಸಿ, ಎಲೆಅಡಿಕೆ ಹಾಕಿಕೊಂಡು ಒಳಗೆ ಬರುತ್ತಾರೆ. ಮೊದಲೆಲ್ಲ ನಾನು ಅದನ್ನು ಚಟ ಅಂದುಕೊಂಡಿದ್ದೆ. ಹಲ್ಲು ಹಾಳಾಗುತ್ತೆ ಬಿಡಿ ಅತ್ತೆ ಅಂತ ಬುದ್ಧಿ ಬೇರೆ ಹೇಳಿದೆ. ಅವರು ನಕ್ಕರು. ತಮ್ಮದೇ ಮನೆಗೆ ತಾವೇ ಬಾಯಿ ತೊಳೆದುಕೊಂಡು ಬರುತ್ತಿದ್ದರು ಅಂತ ನನಗೆ ತಿಳಿಯಲು ವರ್ಷವೇ ಬೇಕಾಯಿತು.

ದೀಪಾವಳಿ ಕಳೆದ ಮೇಲೆ ಅವರಿಗೆ ಕಾಲು ಊದಿಕೊಂಡಿತು. ಹಾರ್ಟು ವೀಕಾಗಿದೆ, ಉಪ್ಪು ಕಡಿಮೆ ಮಾಡಿ, ನೀರು ಅಳೆದು ಕೊಡಿ ಅಂತ ಕೊಳ್ಳೇಗಾಲದ ಡಾಕ್ಟರು ಹೇಳಿದರು. ನಾನು ಉಪ್ಪಿನಕಾಯಿ ಜಾಡಿಗೆ ಬಟ್ಟೆ ಕಟ್ಟಿ ಮೇಲಿಟ್ಟೆ, ಹಪ್ಪಳ ನಿಲ್ಲಿಸಿದೆ. ಮಾತ್ರೆಯ ದೆಸೆಯಿಂದಲೋ ಏನೋ ಅವರಿಗೆ ಬಾಯಿ ಕೆಟ್ಟುಹೋಯಿತು. ರಾಗಿ ಗಂಜಿ ಕೊಟ್ಟರೆ ಎರಡು ಗುಟುಕಿಗೆ ಮುಖ ತಿರುಗಿಸುತ್ತಾರೆ. ಉಪ್ಪಿಟ್ಟು, ತಿಳಿಸಾರು, ಮೊಸರನ್ನ, ನನಗೆ ಬಂದದ್ದೆಲ್ಲ ಮಾಡಿದೆ. ನಿನ್ನ ಹುರುಳಿ ಕಟ್ಟಿನ ಸಾರಿಗೂ ಅವರ ನಾಲಿಗೆ ಏಳಲಿಲ್ಲ ಅಂದಮೇಲೆ ಲೆಕ್ಕ ಹಾಕಿಕೋ. ಕ್ರಿಸ್‌ಮಸ್ ಹೊತ್ತಿಗೆ ಅವರ ಬಳೆ ಮೊಣಕೈ ತನಕ ಜಾರುತ್ತಿತ್ತು.

ಹಬ್ಬ ಕಳೆದ ಮೇಲೆ ಒಂದು ಬೆಳಿಗ್ಗೆ ನಾನು ತಲೆ ಬಾಚುತ್ತಿದ್ದಾಗ, ‘ಅಮ್ಮಾಡಿ, ಕೊಂಜ ಫಾದರ್ ಸೂಪು ಸಿಕ್ಕಿದ್ರೆ ಕುಡೀತಿದ್ದೆ’ ಅಂತ ತಮ್ಮ ತಮಿಳು ಬೆರೆತ ಕನ್ನಡದಲ್ಲಿ ಅಂದರು. ಹೇಳಿದ ಕೂಡಲೇ, ‘ಏನೋ ಬಾಯಿಗ್ ಬಂತು, ಬುಡು’ ಅಂತ ತಾವೇ ಅಳಿಸಿಹಾಕಿದರು.

ಫಾದರ್ ಸೂಪು ಅಂದರೆ ಏನು ಅಂತ ನನಗೆ ಇವರು ಹಿಂದೆ ಹೇಳಿದ್ದರು. ಅತ್ತೆ ಲಂಗ ಉಡುವ ವಯಸ್ಸಿನಲ್ಲಿ ಇಲ್ಲಿನ ಪಾದ್ರಿಗಳ ಬಂಗಲೆಯಲ್ಲಿ ಅಡಿಗೆಗಿದ್ದರು. ಆಗ ಹೊರದೇಶದ ಒಬ್ಬ ಮುದುಕ ಫಾದರ್ ಇದ್ದರಂತೆ. ಮಾರ್ಗಶಿರದ ಚಳಿಗೆ ಅವರಿಗೆ ಅವರೂರಿನ ಸೂಪು ಬೇಕು ಅನ್ನಿಸಿ, ತಾವೇ ಒಲೆ ಮುಂದೆ ಕೂತು ಈ ಹುಡುಗಿಗೆ ಕಲಿಸಿದರಂತೆ. ಹಸಿರು ಬಟಾಣಿಯ ಬೇಳೆ, ಈರುಳ್ಳಿ, ಕ್ಯಾರೆಟ್ಟು, ಮೆಣಸು. ಜೊತೆಗೆ ಇನ್ನೊಂದು. ಅದನ್ನು ಬರೆಯಲು ಪೆನ್ನು ಹಿಂದೇಟು ಹಾಕುತ್ತಿದೆ, ಬರೆದೇಬಿಡುತ್ತೇನೆ. ಹೊಗೆಗೆ ಕಟ್ಟಿದ ಹಂದಿಯ ತೊಡೆ. ಫಾದರ್ ತೀರಿಕೊಂಡ ಮೇಲೂ ಅತ್ತೆ ಪ್ರತಿ ಕ್ರಿಸ್‌ಮಸ್ಸಿಗೆ ಅದನ್ನು ಮಾಡುತ್ತಿದ್ದರು. ನಾನು ಬಂದ ವರ್ಷ ನಿಲ್ಲಿಸಿದರು.

ಜ್ಞಾನಮ್ಮ ಇದ್ದಿದ್ದರೆ ಮಾಡಿಕೊಡುತ್ತಿದ್ದಳು. ಅವಳು ಮಗಳ ಬಾಣಂತನಕ್ಕೆ ಮೇಟ್ಟೂರಿಗೆ ಹೋಗಿದ್ದಳು. ಅವಳ ಮನೆ ಬೀಗದ ಕೈ ನಮ್ಮಲ್ಲಿತ್ತು, ಹಬ್ಬಕ್ಕೆಂದು ಕಟ್ಟಿದ ತೊಡೆ ಅವಳ ಒಲೆಯ ಮೇಲೆ ಕಪ್ಪಗೆ ನೇತಾಡುತ್ತಿತ್ತು. ಇವರಿಗೆ ಟೀ ಕಾಸಲೂ ಬಾರದು, ಮೇಲಾಗಿ ಆ ವಾರ ಕಾಡಂಚಿನಲ್ಲಿ ಲೈನು ಬಿದ್ದು ಹಗಲೆಲ್ಲ ಕಂಬದ ಮೇಲೆ. ನಾನೇ ಮಾಡ್ತೀನಿ ಅಂದೆ. ಇವರು ಬೇಡ ಅಂದರು. ‘ನಿಮ್ಮಪ್ಪಂಗೆ ಕೊಟ್ಟ ಮಾತು ತಿನ್ನೋದ್ರ ಮೇಲೆ, ಬೇಯ್ಸೋದ್ರ ಮೇಲಲ್ಲ, ನಿಜ. ಆದ್ರೂ ಬ್ಯಾಡ’ ಅಂದರು. ಅತ್ತೆಯೂ ಬೇಡ ಅಂದರು. ಇಬ್ಬರೂ ಬೇಡ ಅಂದಮೇಲೆ ನನಗೆ ಹಟ ಬಂತು. ನನಗಾಗಿ ಐದು ವರ್ಷ ಬಾಯಿ ಕಟ್ಟಿದವರಿಗೆ ಒಂದು ಬಟ್ಟಲು ಸೂಪು ಮಾಡಿಕೊಡಲು ಆಗದಿದ್ದರೆ ನನ್ನ ಆಚಾರ ಇಟ್ಟುಕೊಂಡು ಏನು ಮಾಡಲಿ ಅನ್ನಿಸಿತು.

ಲಿಂಗ ತೆಗೆದಿಡಲೇ ಅಂತ ಯೋಚಿಸಿದೆ. ಕರಡಿಗೆ ಬಿಚ್ಚಿ ಗೂಡಿನಲ್ಲಿಟ್ಟೆ ಕೂಡ. ಕೊಳ್ಳು ಬರಿದಾಗಿ ಹೆದರಿಕೆಯಾಯಿತು, ತಿರುಗಿ ಹಾಕಿಕೊಂಡೆ. ಮರೆಮಾಡಿ ಮಾಡುವಂಥ ಕೆಲಸವಲ್ಲ ಇದು, ಶಿವನೂ ನೋಡಲಿ ಅಂದುಕೊಂಡೆ.

ಹಿತ್ತಲಲ್ಲಿ ಮೂರು ಕಲ್ಲು ಹೂಡಿ, ಜ್ಞಾನಮ್ಮನ ಪಾತ್ರೆ ತಂದೆ. ಅತ್ತೆಯನ್ನು ಗೋಡೆಗೆ ಒರಗಿಸಿ ಬಾಗಿಲಲ್ಲಿ ಕೂರಿಸಿದೆ. ಅವರು ಹೇಳುತ್ತಾ ಹೋದರು, ನಾನು ಮಾಡುತ್ತಾ ಹೋದೆ. ಮೂಳೆಯೊಡನೆ ಒಂದು ತುಂಡನ್ನು ಎತ್ತಿ ಪಾತ್ರೆಗೆ ಹಾಕುವಾಗ ಬರಿಗೈಯಲ್ಲಿ ಮುಟ್ಟಲಾಗಲಿಲ್ಲ, ಸುಳ್ಳು ಹೇಳುವುದಿಲ್ಲ. ಸೆರಗಿನಿಂದ ಹಿಡಿದೇ ಹಾಕಿದೆ, ಆ ಸೀರೆಯನ್ನು ಆಮೇಲೆ ಎರಡು ಸಲ ಒಗೆದೆ. ಈರುಳ್ಳಿ ಬಾಡಿದ ಮೇಲೆ ಬೇಳೆ, ನೀರು. ಆಮೇಲೆ ಸಣ್ಣ ಉರಿ. ಬಟಾಣಿ ಬೇಳೆ ತೊಗರಿಯ ಹಾಗಲ್ಲ ಅವ್ವ, ಬಹಳ ಹೊತ್ತು ಸತಾಯಿಸಿ, ಆಮೇಲೆ ಒಮ್ಮೆಗೇ ಸೋಲುತ್ತದೆ. ತಿರುವುತ್ತಾ ಇರಬೇಕು, ಇಲ್ಲದಿದ್ದರೆ ತಳ ಹಿಡಿಯುತ್ತದೆ. ಕೊನೆಗೆ ಅದು ಮಸೊಪ್ಪಿನ ಹದಕ್ಕೆ ಬಂತು, ಮಾಂಸ ಮೂಳೆ ಬಿಟ್ಟಿತು. ಅತ್ತೆ ಕಣ್ಣು ಮುಚ್ಚಿಕೊಂಡು ಉಸಿರೆಳೆದುಕೊಂಡರು. ಅವರ ಮುಖದಲ್ಲಿ ಹಸಿವು ಕಂಡು ನನಗೆ ಅಳು ಬಂತು.

ಆಗ ಅವರು, ‘ರುಚಿ ನೋಡಿ ಇಳ್ಸು’ ಅಂದರು. ಹೇಳಿ ನಾಲಿಗೆ ಕಚ್ಚಿಕೊಂಡರು. ‘ಬ್ಯಾಡ ಬುಡಮ್ಮ, ನಿನ್ ಕೈ ಅಳತೆ ಯಾವತ್ ತಪ್ಪಿತ್ತು’ ಅಂದರು.

ನನ್ನ ಕೈಯಳತೆ ಎಲ್ಲಿಂದ ಬಂತು ಅಂತ ನಿನಗೆ ಹೇಳಬೇಕೆ? ಶಿವನಿಗೆ ಎಡೆಯಾಗುವ ಮುಂಚೆ ನಾಲಿಗೆಗೆ ಮುಟ್ಟಿಸಿದರೆ ಎಂಜಲು ಅಂತ ನೀನು ಕಲಿಸಿದೆ. ಚಿಕ್ಕವಳಿದ್ದಾಗ ಸೌಟು ನೆಕ್ಕಿದೆ ಅಂತ ಅದೇ ಸೌಟಿನಲ್ಲಿ ಕೈಮೇಲೆ ಬಾರಿಸಿದೆ, ಅದರ ಗುರುತು ಇನ್ನೂ ಇದೆ. ‘ಉಪ್ಪಿನ ಅಳ್ತೆ ಕೈಲಿರ್ಬೇಕು, ನಾಲ್ಗೇಲಲ್ಲ’ ಅನ್ನುತ್ತಿದ್ದೆ. ನಿನ್ನ ಅಡಿಗೆಮನೆಯಲ್ಲಿ ಯಾರೂ ಎಂದೂ ಉಪ್ಪು ನೋಡಿಲ್ಲ, ಎಂದೂ ಉಪ್ಪು ಹೆಚ್ಚುಕಡಿಮೆಯಾಗಿಲ್ಲ. ನೀರು ನೋಡಿ, ಬೇಳೆ ನೋಡಿ, ಕೈ ತಾನಾಗಿ ಎತ್ತುತ್ತದೆ. ನನಗೆ ಆ ಹೆಮ್ಮೆ ನಿನಗಿಂತ ಜಾಸ್ತಿ. ಡಾಕ್ಟರು ಹೇಳಿದ್ದಾರೆ ಅಂತ ಎತ್ತಿದ್ದರಲ್ಲಿ ಅರ್ಧ ಡಬ್ಬಿಗೇ ವಾಪಸು ಸುರಿದೆ. ಎಷ್ಟು ಎಚ್ಚರದವಳು ನಾನು ಅಂತ ಒಳಗೊಳಗೇ ಬೀಗಿದೆ.

ಆ ತೊಡೆ ಹೊಗೆಗೆ ಕಟ್ಟಿದ್ದು ಅಂತ ಗೊತ್ತಿತ್ತು. ಕಟ್ಟುವ ಮುಂಚೆ ಅದನ್ನು ದಿನಗಟ್ಟಲೆ ಕಲ್ಲುಪ್ಪಿನಲ್ಲಿ ಹೂತಿಡುತ್ತಾರೆ ಅಂತ ಗೊತ್ತಿರಲಿಲ್ಲ. ಮಾಂಸ ಅಂದರೆ ಆಲೂಗಡ್ಡೆಯ ಹಾಗೆ ಸಪ್ಪೆ, ನಾವು ಹಾಕಿದ್ದೇ ಉಪ್ಪು ಅಂದುಕೊಂಡಿದ್ದೆ. ಅದನ್ನು ಹಿಂದಿನ ದಿನವೇ ನೆನೆಹಾಕಿ ನೀರು ಚೆಲ್ಲಬೇಕಂತೆ. ಆ ಕೆಲಸ ಯಾವಾಗಲೂ ಜ್ಞಾನಮ್ಮನದು, ನೆನೆಸಿಯೇ ಅಕ್ಕನ ಕೈಗೆ ಕೊಡುತ್ತಿದ್ದಳು. ಅತ್ತೆಗೂ ಅದು ಹೊಳೆಯಲಿಲ್ಲ. ತಿನ್ನುವ ಮನೆಯ ಯಾವ ಹುಡುಗಿಯೇ ಆಗಲಿ, ಒಂದು ತೊಟ್ಟು ಬಾಯಿಗೆ ಹಾಕಿಕೊಂಡಿದ್ದರೆ ಅಲ್ಲೇ ತಿಳಿಯುತ್ತಿತ್ತು. ನಾನು ಹಾಕಿಕೊಳ್ಳಲಿಲ್ಲ.

ಅತ್ತೆ ಬಟ್ಟಲು ಪೂರ್ತಿ ಕುಡಿದರು. ಇನ್ನೊಂದು ಸೌಟು ಹಾಕು ಅಂದರು. ಮುಖದಲ್ಲಿ ಒಂದು ಗೆರೆ ಅಲುಗಲಿಲ್ಲ. ‘ಫಾದರ್ ಇದ್ದಿದ್ರೆ ನಿಂಗೆ ಜಪಸರ ಕೊಡ್ತಿದ್ರು’ ಅಂದರು. ಸಂಜೆಯೆಲ್ಲ ನೀರು ನೀರು ಅಂದರು. ಎಷ್ಟು ದಿನದ ಮೇಲೆ ಹೊಟ್ಟೆಗೆ ಬಿದ್ದಿದೆ, ದಾಹವಾಗುತ್ತದೆ ಅಂತ ಅಳತೆ ಮೀರಿಯೇ ಕೊಟ್ಟೆ. ಉಳಿದ ಸೂಪನ್ನು ಮಾರನೆಯ ದಿನ ಮತ್ತೆ ಬಿಸಿ ಮಾಡಿ ಕುಡಿಸಿದೆ.

ಅದರ ಮಾರನೆಯ ಬೆಳಿಗ್ಗೆ ಅವರಿಗೆ ಮಲಗಲು ಆಗಲಿಲ್ಲ, ಕೂತರೂ ಉಸಿರು ಸಿಗಲಿಲ್ಲ. ತುಟಿ ನೀಲಿಯಾಯಿತು. ಇವರು ಕಾರು ಮಾಡಿಕೊಂಡು ಬಂದರು. ಕೌದಳ್ಳಿ ದಾಟುವ ತನಕ ನಾನು ಅವರ ಬೆನ್ನು ಒತ್ತುತ್ತಾ, ಅವರು ಜಪಸರ ಹಿಡಿದು ತಮಿಳಿನಲ್ಲಿ, ನಾನು ಕರಡಿಗೆ ಹಿಡಿದು ಕನ್ನಡದಲ್ಲಿ, ಇಬ್ಬರೂ ಬೇಡಿಕೊಂಡೆವು. ಹನೂರಿನಲ್ಲಿ ನೋಡಿ ಕೊಳ್ಳೇಗಾಲಕ್ಕೆ ಒಯ್ಯಿರಿ ಅಂದರು. ಅಲ್ಲಿ ಮೂಗಿಗೆ ಆಕ್ಸಿಜನ್ ಹಾಕಿದರು. ಡಾಕ್ಟರು ಬಂದು, ಏನು ಉಪ್ಪಿನ ಪದಾರ್ಥ ಕೊಟ್ಟಿರಿ ಅಂತ ಕೇಳಿದರು. ಇವರು, ‘ಇಲ್ಲ ಸಾ, ನಮ್ಮನೆಯವ್ರು ಉಪ್ಪು ಎಣ್ಸಿ ಎಣ್ಸಿ ಆಕ್ತಾರೆ’ ಅಂದರು. ನಾನು ಪಕ್ಕದಲ್ಲೇ ನಿಂತಿದ್ದೆ. ನನಗೂ ಹಾಗೆಯೇ ಅನ್ನಿಸಿದ್ದರಿಂದ ತಲೆಯಾಡಿಸಿದೆ.

ಸುದ್ದಿ ಕೇಳಿ ಜ್ಞಾನಮ್ಮ ಮೇಟ್ಟೂರಿನಿಂದ ಓಡಿಬಂದಳು. ಮನೆಗೆ ಹೋಗಿ ಅಕ್ಕನ ಬಟ್ಟೆ ತರುವಾಗ ಹಿತ್ತಲಲ್ಲಿ ಪಾತ್ರೆ ನೋಡಿದ್ದಾಳೆ, ತಳದಲ್ಲಿ ಉಳಿದದ್ದನ್ನು ಬೆರಳಲ್ಲಿ ತೆಗೆದು ನೆಕ್ಕಿದ್ದಾಳೆ. ಆಸ್ಪತ್ರೆಗೆ ಬಂದವಳೇ ನನ್ನನ್ನು ಮೆಟ್ಟಿಲ ಹತ್ತಿರ ಕರೆದುಕೊಂಡು ಹೋಗಿ, ‘ಅದ್ ಸೂಪಲ್ಲ ಕಣವ್ವ, ಸಮುದ್ರ. ನೀನ್ ನೆನೆಯಾಕ್ನಿಲ್ವಾ? ಮ್ಯಾಲೆ ಉಪ್ ಬ್ಯಾರೆ ಆಕಿದ್ಯಾ?’ ಅಂದಳು. ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

ನಾನು ಒಳಗೆ ಹೋಗಿ ಅತ್ತೆಯ ಮಂಚದ ಪಕ್ಕ ಕೂತು, ಅಷ್ಟು ಉಪ್ಪಿತ್ತಲ್ಲ, ಯಾಕೆ ಕುಡಿದಿರಿ ಅಂತ ಕೇಳಿದೆ. ಅವರು ಮೂಗಿನ ಕೊಳವೆ ಸರಿಸಿ, ‘ನೀನು ಮುಟ್ಟದ್ನ ಮುಟ್ಟಿ ಮಾಡಿದ್ದು. ಉಪ್ಪು ಅಂದಿದ್ರೆ ನೊಂದ್ಕತ್ತಿದ್ದೆ’ ಅಂದರು. ಆಮೇಲೆ, ‘ನನ್ ಮಗ ಲೂರ್ದುಗೆ ಏಳ್ಬ್ಯಾಡ’ ಅಂತ ಸೇರಿಸಿದರು.

ಅವ್ವ, ಆ ಹೊತ್ತಿನಲ್ಲಿ ನನಗೆ ನಿನ್ನ ಮೇಲೆ ಕೋಪ ಬಂತು. ಇದುವರೆಗೆ ಯಾರ ಮೇಲೂ ಬಾರದಷ್ಟು ಬಂತು. ಎರಡು ವರ್ಷ ನನ್ನನ್ನು ಮನೆಯಿಂದ ಹೊರಗಿಟ್ಟಾಗಲೂ ಅಷ್ಟು ಬಂದಿರಲಿಲ್ಲ. ನಾಲಿಗೆಗೆ ಮುಟ್ಟಿಸದೆ ಅಡಿಗೆ ಮಾಡುವುದು ದೊಡ್ಡಸ್ತಿಕೆ ಅಂತ ನೀನು ಕಲಿಸಿದೆ. ದೇವರಿಗಾದರೆ ಸರಿ, ಅವನಿಗೆ ಹಾರ್ಟು ವೀಕಿಲ್ಲ. ಮನುಷ್ಯರಿಗೆ ಬಡಿಸುವಾಗ ಮೊದಲು ನಾನು ತಿಂದು ನೋಡಬೇಕಿತ್ತು. ಎಂಜಲಾದೀತು ಅಂತ ಹೆದರಿ ಒಬ್ಬರ ಉಸಿರು ನಿಲ್ಲಿಸಲು ಹೊರಟಿದ್ದೆ. ನಿನ್ನನ್ನು ಬೈದುಕೊಂಡು ಆಸ್ಪತ್ರೆಯ ನಲ್ಲಿ ಹತ್ತಿರ ನಿಂತು ಅತ್ತುಬಿಟ್ಟೆ. ಆಮೇಲೆ ನಿನ್ನ ಕೈಯ ಸಾರು ನೆನಪಾಗಿ, ಬೈದದ್ದಕ್ಕೂ ಅತ್ತುಕೊಂಡೆ.

ಇವರಿಗೆ ಅವತ್ತೇ ಹೇಳಿಬಿಟ್ಟೆ. ಇವರು ಬೈಕಿನ ಕೀ ತಿರುವುತ್ತಾ, ‘ರುಚಿ ನೋಡಕ್ಕಾಗ್ದಿದ್ದೋರು ಮಾಡ್ಬಾರ್ದಾಗಿತ್ತು’ ಅಂದರು. ಮೂರು ದಿನ ನನ್ನ ಕೈಯ ಊಟ ಬಿಟ್ಟು ಆಸ್ಪತ್ರೆ ಎದುರಿನ ಹೋಟೆಲಿನಲ್ಲಿ ತಿಂದರು. ನಾಲ್ಕನೇ ದಿನ ತಾವಾಗಿ ತಟ್ಟೆ ಮುಂದಿಟ್ಟುಕೊಂಡು ಕೂತರು, ಆದರೆ ಮೊದಲ ತುತ್ತನ್ನು ಸ್ವಲ್ಪವೇ ಸ್ವಲ್ಪ ನಾಲಿಗೆಗೆ ಮುಟ್ಟಿಸಿ ನೋಡಿದರು. ಅದು ನನಗೆ ಹೊಡೆದ ಹಾಗಾಯಿತು.

ಅತ್ತೆಯನ್ನು ಮನೆಗೆ ಕರೆದುಕೊಂಡು ಬಂದಿದ್ದೇವೆ. ಡಾಕ್ಟರು ಇವರನ್ನು ಒಬ್ಬರನ್ನೇ ಕರೆದು ಮಾತಾಡಿದರು. ಹೃದಯ ಬಹಳ ದಿನ ತಡೆಯದು, ಉಪ್ಪೊಂದು ಬಿಟ್ಟು ಅವರು ಆಸೆಪಟ್ಟದ್ದನ್ನು ಚೂರು ಚೂರು ಕೊಡಿ ಅಂದರಂತೆ. ಬಂದ ದಿನದಿಂದ ಮತ್ತೆ ಅದೇ ಕಥೆ, ಗಂಜಿಗೆ ಮುಖ ತಿರುಗಿಸುವುದು. ಸೂಪು ಅಂತ ಮಾತ್ರ ಅವರು ಬಾಯಿ ಬಿಡಲಿಲ್ಲ. ನನ್ನೆದುರು ಆ ಮಾತೇ ಬಾರದ ಹಾಗೆ ನೋಡಿಕೊಂಡರು. ಜ್ಞಾನಮ್ಮ ಬಾಣಂತಿಯನ್ನು ಬಿಟ್ಟು ಬಂದಿದ್ದವಳು, ತಿರುಗಿ ಹೋಗಬೇಕಾಯಿತು. ಹೋಗುವಾಗ ತೊಡೆಯ ಉಳಿದ ತುಂಡನ್ನು ನನ್ನ ಕೈಗೆ ಕೊಟ್ಟು, ಹೇಗೆ ನೆನೆಹಾಕಬೇಕು ಅಂತ ಹೇಳಿಕೊಟ್ಟಳು.

ನಿನ್ನೆಯೇ ನೆನೆಹಾಕಿದೆ. ನೀರು ಬದಲಾಯಿಸುತ್ತಾ ಬಂದೆ. ಇವತ್ತು ಬೆಳಿಗ್ಗೆ ಇವರು ಚರ್ಚಿಗೆ ಹೋದಮೇಲೆ ಹಿತ್ತಲಲ್ಲಿ ಒಲೆ ಹೂಡಿದೆ. ಮೂಳೆಯನ್ನು ಒಮ್ಮೆ ಕುದಿಸಿ ಆ ನೀರನ್ನೂ ಚೆಲ್ಲಿದೆ. ಉಪ್ಪಿನ ಡಬ್ಬಿಯನ್ನು ಒಳಗೇ ಬಿಟ್ಟು ಬಂದಿದ್ದೆ. ಬೇಳೆ ಕರಗಿತು, ಹೊಗೆ ವಾಸನೆ ಎದ್ದಿತು. ಅತ್ತೆ ಒಳಗೆ ಮಲಗಿದ್ದರು, ವಾಸನೆ ಹೋಗಿರಬೇಕು, ಕೆಮ್ಮಿದರು. ಇಳಿಸುವ ಹೊತ್ತಿಗೆ ಸೌಟು ಹಿಡಿದು ನಿಂತುಬಿಟ್ಟೆ. ಎಲ್ಲ ಸರಿಯಾಗಿ ಮಾಡಿದ್ದೆ, ಆದರೂ ಸರಿಯಾಗಿದೆ ಅಂತ ಹೇಳುವವರು ಯಾರೂ ಇರಲಿಲ್ಲ. ಜ್ಞಾನಮ್ಮ ಇಲ್ಲ, ಇವರಿಲ್ಲ. ಅತ್ತೆಯನ್ನು ಕೇಳಿದರೆ ಸಮುದ್ರವೇ ಆದರೂ ಚೆನ್ನಾಗಿದೆ ಅನ್ನುತ್ತಾರೆ.

ರುಚಿ ನೋಡಿದೆ ಅವ್ವ. ಸೌಟಿನ ತುದಿಯಿಂದ ಒಂದು ತೊಟ್ಟು ಅಂಗೈಗೆ ಬಿಟ್ಟುಕೊಂಡು, ನಾಲಿಗೆಯ ತುದಿಗೆ ಮುಟ್ಟಿಸಿದೆ. ಉಪ್ಪು ಹದವಾಗಿತ್ತು, ಕಡಿಮೆಯೇ ಅನ್ನಬೇಕು. ಕೂಡಲೇ ಉಗುಳಿದೆ. ಬಾಯಿ ಮುಕ್ಕಳಿಸಿ, ವಿಭೂತಿ ಇಟ್ಟುಕೊಂಡೆ. ಆಮೇಲೆ ಅತ್ತೆಗೆ ಕುಡಿಸಿದೆ. ಅರ್ಧ ಬಟ್ಟಲು ಕುಡಿದರು. ನೀರು ಕೇಳಲಿಲ್ಲ. ಈಗ ನಿದ್ದೆ ಮಾಡುತ್ತಿದ್ದಾರೆ, ಅವರ ಉಸಿರಿನ ಸದ್ದು ನನಗೆ ಇಲ್ಲಿಗೆ ಕೇಳುತ್ತಿದೆ.

ಇಷ್ಟೇ ನಡೆದದ್ದು. ಬಾಯಿ ಕೆಟ್ಟಿತು ಅನ್ನುವುದಾದರೆ ಇಷ್ಟು ಕೆಟ್ಟಿದೆ. ಇದನ್ನು ಮುಚ್ಚಿಟ್ಟು ಬಂದು ಕೂಸಿಗೆ ಆರತಿ ಎತ್ತಲು ನನಗೆ ಆಗದು. ಗುರುಗಳ ಮುಂದೆ ಅಪ್ಪ ನನ್ನನ್ನು ತೋರಿಸಿ ಹೆಮ್ಮೆಪಡುವಾಗ ನಾನು ಎಲ್ಲಿ ನೋಡಲಿ? ಅಪ್ಪನಿಗೆ ಹೇಳುವುದೋ ಬಿಡುವುದೋ ನಿನಗೆ ಬಿಟ್ಟದ್ದು. ಒಂದು ತೊಟ್ಟು, ಅದೂ ಉಗುಳಿದ್ದು, ತೀರ್ಥ ಕುಡಿದರೆ ಹೋಗುತ್ತದೆ ಅಂತ ನಿನಗೆ ಅನ್ನಿಸಿದರೆ ನನ್ನ ತಟ್ಟೆ ಇದ್ದ ಕಡೆಯೇ ಇರಲಿ. ಇಲ್ಲ ಅನ್ನಿಸಿದರೆ ಅಟ್ಟಕ್ಕೆ ಹಾಕು. ಫೋನಿನಲ್ಲಿ ಏನೂ ಹೇಳಬೇಡ. ‘ತಟ್ಟೆ ತೊಳ್ದಿಟ್ಟಿವ್ನಿ’ ಅಂತ ಒಂದು ಮಾತು ಸ್ಪೀಕರಿನಲ್ಲಿ ಅಂದರೂ ಸಾಕು. ಕೇಳಿದವರು ಪಾತ್ರೆಯ ಮಾತು ಅಂದುಕೊಳ್ಳುತ್ತಾರೆ, ನಾನು ಬಸ್ಸು ಹತ್ತುತ್ತೇನೆ.

ಮೊಣಕಾಲಿಗೆ ಎಣ್ಣೆ ಹಚ್ಚಿಕೋ. ಬಿಸಿಲಲ್ಲಿ ಹುರುಳಿ ಬಡಿಯಲು ಕೂರಬೇಡ, ಪಕ್ಕದ ಮನೆಯ ರತ್ನಳಿಗೆ ಹೇಳಿದರೆ ಮಾಡಿಕೊಡುತ್ತಾಳೆ. ಪುಟ್ಟಿಗೆ ನನ್ನ ಮುತ್ತು.

ನಿನ್ನ ಮೇಲೆ ಕೋಪವೂ ಆಸೆಯೂ ಎರಡೂ ಇರುವ,
ನಿನ್ನ ಮಗಳು
ದೀಪಶ್ರೀ

ತಾ. ಕ.: ಕಾಗದ ಮಡಿಸಿ ಕವರಿಗೆ ಹಾಕಿದ್ದೆ, ತಿರುಗಿ ತೆಗೆದೆ. ಉಗುಳಿದೆ ಅಂತ ಬರೆದಿದ್ದೇನೆ. ಉಗುಳಲಿಲ್ಲ ಅವ್ವ. ಆ ತೊಟ್ಟು ತಾನಾಗಿ ಇಳಿದುಹೋಯಿತು, ಮುಕ್ಕಳಿಸಲೂ ಇಲ್ಲ. ಅತ್ತೆಗೆ ಕುಡಿಸುವಾಗ ಅವರು ಬಟ್ಟಲಿನತ್ತ ಅನುಮಾನದಿಂದ ನೋಡಿದರು, ಹೆದರಿದ್ದರು. ಅವರ ಕಣ್ಣೆದುರೇ ನಾನು ಒಂದು ಚಮಚ ಕುಡಿದು ತೋರಿಸಿದೆ. ಆಮೇಲೆ ಅವರಿಗೊಂದು ಚಮಚ, ನನಗೊಂದು ಚಮಚ, ಹಾಗೆಯೇ ಬಟ್ಟಲು ಖಾಲಿಯಾಯಿತು. ಅರ್ಧ ಅವರು ಕುಡಿದರು ಅಂದೆನಲ್ಲ, ಇನ್ನರ್ಧ ನಾನು. ಚೆನ್ನಾಗಿತ್ತು. ಅತ್ತೆ ಅಳುತ್ತಾ ದಿಂಬಿನ ಕೆಳಗಿಂದ ತಮ್ಮ ಎಲೆಅಡಿಕೆ ಚೀಲ ತೆಗೆದು ನನ್ನ ಕೈಗೆ ಕೊಟ್ಟು, ‘ಬಾಯಿ ತೊಳ್ಕಂಡು ಇದ್ ಆಕ್ಕೋ, ತವರ್ಗೆ ಗೊತ್ತಾಗಕಿಲ್ಲ’ ಅಂದರು. ಅವರು ಐದು ವರ್ಷ ನನ್ನ ಮುಂದೆ ಹಾಗೆ ಬಂದಿದ್ದು ಸಾಕು, ನಾನು ನಿನ್ನ ಮುಂದೆ ಹಾಗೆ ಬರಲಾರೆ. ಚೀಲ ವಾಪಸು ದಿಂಬಿನ ಕೆಳಗಿಟ್ಟೆ, ಬಾಯಿ ತೊಳೆಯದೆಯೇ ಈ ಕಾಗದ ಬರೆಯಲು ಕೂತೆ. ತಟ್ಟೆಯ ವಿಷಯ ಈಗ ಯೋಚಿಸಿ ಹೇಳು.